ನಿರ್ಮಾಪಕನ ಪಾಲನ್ನು ಅಳೆಯುವುದು ಹೇಗೆ? ಬಾಲ್ಕನ್, ಕೊಲ್ಲಂನ ರವಿ ಮತ್ತು ಮೂಲ್ಕಿಯ ಸುವರ್ಣರು

ಕಲ್ಯಾಣಪುರದ ಓದುಗ (ಪ್ರಶ್ನೆ)

ಎಲ್ಲರಿಗೂ ನಮಸ್ಕಾರ.

ಉಡುಪಿಯಲ್ಲಿ ನಾವು ಕೆಲವು ಗೆಳೆಯರು ತಿಂಗಳಿಗೊಮ್ಮೆ ಒಂದೆಡೆ ಸೇರಿ ಹಳೆಯ ಚಿತ್ರಗಳನ್ನು ನೋಡುತ್ತೇವೆ, ಆಮೇಲೆ ಅವುಗಳ ಬಗ್ಗೆ ಮಾತನಾಡುತ್ತೇವೆ. ಇದುವರೆಗಿನ ನಮ್ಮ ಸರಣಿಗಳೆಲ್ಲ ನಿರ್ದೇಶಕರ ಹೆಸರಿನಲ್ಲಿಯೇ ನಡೆದಿವೆ. ಮಳೆಗಾಲ ಮುಗಿದ ಮೇಲೆ ಆರಂಭವಾಗುವ ಸರಣಿಯನ್ನು ಮಾತ್ರ ನಿರ್ಮಾಪಕರಿಗೆ, ಅದರಲ್ಲೂ ತಮ್ಮ ನಾಡಿಗೆ ತನ್ನದೇ ಆದ ಸಿನಿಮಾ ಬೇಕೆಂದು ಹಠ ಹಿಡಿದು ದುಡಿದ ನಿರ್ಮಾಪಕರಿಗೆ ಮೀಸಲಿಡಬೇಕೆಂದು ತೀರ್ಮಾನವಾಗಿದೆ. ಮೊದಲ ಟಿಪ್ಪಣಿಯನ್ನು ಬರೆಯುವ ಹೊಣೆ ನನ್ನ ಪಾಲಿಗೆ ಬಂದಿದೆ. ವಿಷಯ, ಬ್ರಿಟನ್ನಿನ ಮೈಕೆಲ್ ಬಾಲ್ಕನ್.

ಅವರ ವೃತ್ತಿಜೀವನದ ಹೊರರೇಖೆ ನನಗೆ ತಿಳಿದಿದೆ. 1896ರಲ್ಲಿ ಬರ್ಮಿಂಗ್‌ಹ್ಯಾಮ್‌ನಲ್ಲಿ, ವಲಸೆ ಬಂದ ಯಹೂದಿ ಕುಟುಂಬದಲ್ಲಿ ಹುಟ್ಟಿದ ಬಾಲ್ಕನ್ 1920ರ ದಶಕದ ಆರಂಭದಲ್ಲಿ ವಿಕ್ಟರ್ ಸೇವಿಲ್ ಅವರ ಜತೆಗೂಡಿ ಚಿತ್ರನಿರ್ಮಾಣಕ್ಕೆ ಇಳಿದರು. 1924ರಲ್ಲಿ ಗೇನ್ಸ್‌ಬರೋ ಸಂಸ್ಥೆಯನ್ನು ಕಟ್ಟಿ ಹಿಚ್‌ಕಾಕ್ ಎಂಬ ತರುಣನಿಗೆ ನಿರ್ದೇಶನದ ಮೊದಲ ಅವಕಾಶವನ್ನು ಕೊಟ್ಟರು. 1930ರ ದಶಕದಲ್ಲಿ ಗೋಮೊಂಟ್-ಬ್ರಿಟಿಷ್ ಸಂಸ್ಥೆಯ ನಿರ್ಮಾಣ ವಿಭಾಗದ ಮುಖ್ಯಸ್ಥರಾಗಿದ್ದು, ಆ ಬಳಿಕ ಸ್ವಲ್ಪ ಕಾಲ ಅಮೆರಿಕದ ಎಂಜಿಎಂ ಸಂಸ್ಥೆಯ ಬ್ರಿಟಿಷ್ ಶಾಖೆಯಲ್ಲಿ ಕೆಲಸ ಮಾಡಿ, 1938ರಲ್ಲಿ ಲಂಡನ್ನಿನ ಪಶ್ಚಿಮದ ಈಲಿಂಗ್ ಸ್ಟುಡಿಯೋಗೆ ಬಂದರು. 1955ರಲ್ಲಿ ಆ ಸ್ಟುಡಿಯೋ ಬಿಬಿಸಿಗೆ ಮಾರಾಟವಾಯಿತು. ಅಲ್ಲಿಂದ ಹೊರಡುವಾಗ ಗೋಡೆಯ ಮೇಲೆ ಒಂದು ಫಲಕವನ್ನು ಹಾಕಿಸಿದರು. ಬ್ರಿಟನ್ನನ್ನೂ ಬ್ರಿಟಿಷರ ಸ್ವಭಾವವನ್ನೂ ಬಿಂಬಿಸುವ ಅನೇಕ ಚಿತ್ರಗಳು ಕಾಲು ಶತಮಾನದ ಕಾಲ ಇಲ್ಲಿ ತಯಾರಾದವು ಎಂಬ ಅರ್ಥದ ಬರಹ ಅದರಲ್ಲಿದೆ.

ನನ್ನ ತೊಡಕು ಇಷ್ಟು. ನಿರ್ದೇಶಕನ ಕೆಲಸ ಪರದೆಯ ಮೇಲೆ ಕಾಣುತ್ತದೆ, ನಟನ ಕೆಲಸ ಕಾಣುತ್ತದೆ, ಛಾಯಾಗ್ರಾಹಕನದೂ ಕಾಣುತ್ತದೆ. ನಿರ್ಮಾಪಕನದು ಹೆಸರಿನ ಪಟ್ಟಿಯಲ್ಲಿ ಒಂದು ಸಾಲಾಗಿ ಬಂದು ಹೋಗುತ್ತದೆ. ಹಾಗಿರುವಾಗ ಬಾಲ್ಕನ್‌ರಂಥವರ ಕೊಡುಗೆಯನ್ನು ಯಾವ ಆಧಾರದ ಮೇಲೆ ಹೇಳುವುದು? ಅವರ ಬಗ್ಗೆ ಓದಿದ ಬರಹಗಳಲ್ಲಿ ಹೆಚ್ಚಿನವು ಚಿತ್ರಗಳ ಪಟ್ಟಿಯನ್ನು ಕೊಟ್ಟು ಸುಮ್ಮನಾಗುತ್ತವೆ. ಇನ್ನು, ರಾಷ್ಟ್ರೀಯ ಸಿನಿಮಾ ಎಂಬುದು ಒಬ್ಬ ನಿರ್ಮಾಪಕನ ಛಲದಿಂದ ಆಗುವಂಥದ್ದೋ, ಇಲ್ಲವೇ ಕಾನೂನು, ಸಹಾಯಧನ, ಚಿತ್ರಮಂದಿರ ಇವೆಲ್ಲ ಕೂಡಿ ಬಂದಾಗ ಮಾತ್ರ ಆಗುವಂಥದ್ದೋ ಎಂಬುದೂ ನನಗೆ ಸ್ಪಷ್ಟವಾಗಿಲ್ಲ. ಸರಣಿಯ ಉಳಿದ ಕಂತುಗಳಿಗೆ ನಮ್ಮ ಕಡೆಯ ಯಾರನ್ನು ಆರಿಸಿಕೊಳ್ಳಬಹುದೆಂಬ ಸಲಹೆಯೂ ಬೇಕಾಗಿದೆ. ಮುಂಬಯಿಯ ದೊಡ್ಡ ಹೆಸರುಗಳು ಎಲ್ಲರಿಗೂ ಗೊತ್ತು. ನನಗೆ ಬೇಕಾದದ್ದು ನಮ್ಮ ಕರಾವಳಿಗೆ ಹತ್ತಿರದವರು. ತಿಳಿದವರು ದಯವಿಟ್ಟು ವಿವರವಾಗಿ ಬರೆಯಬೇಕೆಂದು ಕೋರುತ್ತೇನೆ.

ಪಾಂಡೇಶ್ವರ

ಮಾನ್ಯರೇ, ತಾವು ಎತ್ತಿರುವ ಪ್ರಶ್ನೆ ಬಹಳ ಮುಖ್ಯವಾದದ್ದು. ನಾನು ಕಾಲೇಜಿನಲ್ಲಿ ಹಲವು ವರ್ಷ ಇಂಗ್ಲಿಷ್ ಸಾಹಿತ್ಯ ಕಲಿಸಿದವನು. ಬ್ರಿಟಿಷ್ ಸಿನಿಮಾ ನನ್ನ ಹಳೆಯ ಆಸಕ್ತಿ. ಬಾಲ್ಕನ್‌ರ ಮಟ್ಟಿಗೆ ನಾಲ್ಕು ಮಾತು ಬರೆಯುತ್ತೇನೆ, ಉಳಿದದ್ದನ್ನು ಬೇರೆಯವರು ತುಂಬಿಸಲಿ.

ನಿರ್ಮಾಪಕನ ಕೆಲಸ ಪರದೆಯ ಮೇಲೆ ಕಾಣುವುದಿಲ್ಲ ಎನ್ನುವುದು ನಿಜ, ಆದರೆ ಚಿತ್ರ ನಿಂತುಹೋಗುವ ಸಂದರ್ಭಗಳಲ್ಲಿ ಅದು ಚೆನ್ನಾಗಿ ಕಾಣುತ್ತದೆ. 1926ರಲ್ಲಿ ಹಿಚ್‌ಕಾಕ್ ‘ದಿ ಲಾಡ್ಜರ್’ ಚಿತ್ರವನ್ನು ಮುಗಿಸಿದಾಗ ವಿತರಕರಾದ ಸಿ. ಎಂ. ವುಲ್ಫ್ ಅವರಿಗೆ ಅದು ಸ್ವಲ್ಪವೂ ಹಿಡಿಸಲಿಲ್ಲ. ಅದನ್ನು ಕಪಾಟಿನಲ್ಲಿಡಲು ಹೊರಟರು. ಹಿಚ್‌ಕಾಕ್ ಅದಕ್ಕೂ ಮೊದಲು ಮಾಡಿದ್ದ ಎರಡು ಚಿತ್ರಗಳ ಬಿಡುಗಡೆಯೂ ತಡೆದುಹೋಗಿತ್ತು. ಮೂರನೆಯದೂ ಹೀಗೆಯೇ ಆಗಿದ್ದರೆ ಆ ತರುಣನ ಕಥೆ ಅಲ್ಲಿಗೆ ಮುಗಿಯುವ ಸಂಭವವಿತ್ತು. ಆಗ ಬಾಲ್ಕನ್ ಮಾಡಿದ್ದೇನು? ವಿತರಕನ ಜತೆ ಜಗಳಕ್ಕೆ ನಿಲ್ಲಲಿಲ್ಲ, ನಿರ್ದೇಶಕನ ಕೈಯಿಂದ ಚಿತ್ರವನ್ನು ಕಿತ್ತುಕೊಳ್ಳಲೂ ಇಲ್ಲ. ಲಂಡನ್ನಿನ ಫಿಲ್ಮ್ ಸೊಸೈಟಿಯನ್ನು ಕಟ್ಟಿದವರಲ್ಲಿ ಒಬ್ಬರಾದ ಐವರ್ ಮಾಂಟೆಗು ಎಂಬ ತರುಣನನ್ನು ಕರೆಸಿದರು. ಮಾಂಟೆಗು ಚಿತ್ರವನ್ನು ನೋಡಿ ನಡುವೆ ಬರುವ ಬರಹದ ಫಲಕಗಳನ್ನು ಬಹಳಷ್ಟು ಕಡಿಮೆ ಮಾಡಿದರು, ಕೆಲವು ದೃಶ್ಯಗಳನ್ನು ಮತ್ತೆ ಚಿತ್ರೀಕರಿಸಲು ಸೂಚಿಸಿದರು. ಚಿತ್ರ ಹೊರಗೆ ಬಂತು, ಪತ್ರಿಕೆಗಳು ಕೊಂಡಾಡಿದವು, ಹಿಂದಿನ ಎರಡು ಚಿತ್ರಗಳಿಗೂ ದಾರಿ ತೆರೆಯಿತು. ಯಾರನ್ನು ಯಾವಾಗ ಕರೆಸಬೇಕೆಂಬ ಈ ತಿಳಿವಳಿಕೆಯೇ ನಿರ್ಮಾಪಕನ ಕಲೆ ಎಂದು ನನ್ನ ಭಾವನೆ. ತಮ್ಮಂತೆ ಚಿತ್ರ ನೋಡಿ ಚರ್ಚಿಸುವ ಕೂಟದ ಒಬ್ಬ ಸದಸ್ಯನೇ ಆ ದಿನ ನೆರವಿಗೆ ಬಂದನೆಂಬುದನ್ನು ಟಿಪ್ಪಣಿಯಲ್ಲಿ ಸೇರಿಸಿಕೊಳ್ಳಿ.

ಎರಡನೆಯದಾಗಿ, ಈಲಿಂಗ್‌ನಲ್ಲಿ ಅವರು ಜನರನ್ನು ಬೆಳೆಸಿದ ರೀತಿ. 1940ರಲ್ಲಿ ಅಂಚೆ ಇಲಾಖೆಯ ಸಾಕ್ಷ್ಯಚಿತ್ರ ಘಟಕದಿಂದ ಬ್ರೆಜಿಲ್ ಮೂಲದ ಕವಲ್ಕಾಂಟಿಯವರನ್ನು ತಂದರು. ಅದೇ ಘಟಕದಿಂದ ಹ್ಯಾರಿ ವಾಟ್ ಬಂದರು. ಚಾರ್ಲ್ಸ್ ಕ್ರೈಟನ್, ಚಾರ್ಲ್ಸ್ ಫ್ರೆಂಡ್, ರಾಬರ್ಟ್ ಹೇಮರ್ ಮೂವರೂ ಸಂಕಲನದ ಕೋಣೆಯಲ್ಲಿ ಕುಳಿತಿದ್ದವರು. ಬಾಲ್ಕನ್ ಅವರನ್ನು ನಿರ್ದೇಶಕರನ್ನಾಗಿ ಮಾಡಿದರು. ಚಿತ್ರಕಥೆಯ ವಿಭಾಗದಲ್ಲಿದ್ದ ಅಲೆಕ್ಸಾಂಡರ್ ಮೆಕೆಂಡ್ರಿಕ್‌ಗೆ 1948ರಲ್ಲಿ ಮೊದಲ ಚಿತ್ರವನ್ನು ಒಪ್ಪಿಸಿ ಸ್ಕಾಟ್ಲೆಂಡಿನ ಪಶ್ಚಿಮದ ಬಾರಾ ದ್ವೀಪಕ್ಕೆ ಕಳುಹಿಸಿದರು. ಅದೇ ‘ವಿಸ್ಕಿ ಗಲೋರ್’. 1941ರಲ್ಲಿ ಆ ದ್ವೀಪಗಳ ಬಳಿ ವಿಸ್ಕಿ ತುಂಬಿದ ಹಡಗೊಂದು ನಿಜವಾಗಿಯೂ ನೆಲ ಕಚ್ಚಿತ್ತು. ದ್ವೀಪದ ಜನ ಆ ಸರಕನ್ನು ಅಧಿಕಾರಿಗಳ ಕಣ್ಣು ತಪ್ಪಿಸಿ ಮನೆಗೆ ಸಾಗಿಸಿದ ಪ್ರಸಂಗವೇ ಅದರ ಕಥಾವಸ್ತು. ಮಲ್ಪೆ, ಗಂಗೊಳ್ಳಿಗಳ ಕಡಲ ಬದುಕನ್ನು ಬಲ್ಲ ನಮ್ಮವರಿಗೆ ಆ ಚಿತ್ರದ ಪ್ರತಿಯೊಂದು ಮುಖವೂ ಪರಿಚಿತವೆನಿಸುತ್ತದೆ. ಬಾಲ್ಕನ್ ನಂಬಿದ್ದ ರಾಷ್ಟ್ರೀಯ ಸಿನಿಮಾ ಎಂದರೆ ಇಂಥದ್ದು: ರಾಜಧಾನಿಯ ಶ್ರೀಮಂತರ ಮಾತುಕತೆಗಿಂತ ಒಂದು ಬೀದಿ, ಒಂದು ದ್ವೀಪ, ಒಂದು ಹಡಗಿನ ನಾವಿಕರ ಬದುಕು. ಸಣ್ಣ ಸ್ಥಳವೊಂದನ್ನು ನಿಷ್ಠೆಯಿಂದ ತೋರಿಸಿದರೆ ಅದು ಪರದೇಶದವರಿಗೂ ತಲುಪುತ್ತದೆ ಎಂಬ ವಿಶ್ವಾಸ ಅವರಲ್ಲಿತ್ತು. ಅದಕ್ಕೆ ವಿರುದ್ಧವಾದ ದಾರಿಯನ್ನು ಅವರು ಅದಾಗಲೇ ನೋಡಿ ಬಂದಿದ್ದರು. ಅಮೆರಿಕದ ಮಾರುಕಟ್ಟೆಯನ್ನು ಗೆಲ್ಲಲು ಗೋಮೊಂಟ್-ಬ್ರಿಟಿಷ್ ದೊಡ್ಡ ಖರ್ಚಿನ ಚಿತ್ರಗಳನ್ನು ತೆಗೆದು ಸೋತಿತು. ಎಂಜಿಎಂನಲ್ಲಿ ಬಾಲ್ಕನ್ ಅವರಿಗೆ ಸ್ವಾತಂತ್ರ್ಯವೇ ಸಿಗಲಿಲ್ಲ. ಈಲಿಂಗ್ ಸಣ್ಣದಾಗಿಯೇ ಉಳಿದದ್ದು ಈ ಎರಡು ಅನುಭವಗಳಿಂದ ಹುಟ್ಟಿದ ಆಯ್ಕೆ.

ಛಲವೋ, ಕಾನೂನೋ ಎಂದು ತಾವು ಕೇಳಿದ್ದೀರಿ. ಎರಡೂ ಬೇಕಾಯಿತು ಎನ್ನುವುದೇ ಇತಿಹಾಸ. 1920ರ ದಶಕದ ನಡುಭಾಗದಲ್ಲಿ ಬ್ರಿಟನ್ನಿನ ಪರದೆಗಳನ್ನು ಬಹುಪಾಲು ಅಮೆರಿಕದ ಚಿತ್ರಗಳೇ ಆಕ್ರಮಿಸಿದ್ದವು. 1927ರ ಚಲನಚಿತ್ರ ಕಾಯ್ದೆಯು ವಿತರಕರೂ ಚಿತ್ರಮಂದಿರಗಳೂ ಇಂತಿಷ್ಟು ಪಾಲು ಬ್ರಿಟಿಷ್ ಚಿತ್ರಗಳನ್ನು ತೆಗೆದುಕೊಳ್ಳಲೇಬೇಕೆಂದು ವಿಧಿಸಿತು. ಆ ಕಾಯ್ದೆಯ ನೆರಳಿನಲ್ಲಿ ಲೆಕ್ಕ ಭರ್ತಿಗಾಗಿ ತರಾತುರಿಯಲ್ಲಿ ತೆಗೆದ ಕಳಪೆ ಚಿತ್ರಗಳೂ ರಾಶಿ ಬಿದ್ದವು. ಕಾಯ್ದೆ ಜಾಗವನ್ನು ಕೊಡಬಲ್ಲುದು, ಗುಣವನ್ನು ಕೊಡಲಾರದು; ಆ ಜಾಗದಲ್ಲಿ ಏನನ್ನು ಇಡಬೇಕೆಂದು ಬಲ್ಲ ನಿರ್ಮಾಪಕ ಬೇಕಾಗುತ್ತಾನೆ. ಹಾಗೆಯೇ ಛಲವೊಂದೇ ಸಾಲದು ಎಂಬುದಕ್ಕೂ ಈಲಿಂಗ್‌ನಲ್ಲಿಯೇ ಸಾಕ್ಷಿಯಿದೆ: 1944ರಲ್ಲಿ ರ‍್ಯಾಂಕ್ ಸಂಸ್ಥೆಯೊಡನೆ ವಿತರಣೆಯ ಒಪ್ಪಂದವಾದ್ದರಿಂದಲೇ ಆ ಸಣ್ಣ ಸ್ಟುಡಿಯೋದ ಚಿತ್ರಗಳಿಗೆ ದೇಶದ ದೊಡ್ಡ ಚಿತ್ರಮಂದಿರಗಳ ಬಾಗಿಲು ತೆರೆಯಿತು.

ಹೊಗಳಿಕೆಯೇ ಟಿಪ್ಪಣಿಯಾಗಬಾರದು, ಆದ್ದರಿಂದ ಇದನ್ನೂ ಹೇಳಬೇಕು. ಬಾಲ್ಕನ್ ತಮ್ಮ ನಂಬಿಕೆಯಲ್ಲಿ ಕಠಿಣರಾಗಿದ್ದರು. ಯುದ್ಧಕಾಲದಲ್ಲಿ ಹಾಲಿವುಡ್‌ನಲ್ಲಿ ಉಳಿದ ಬ್ರಿಟಿಷರನ್ನು 1940ರಲ್ಲಿ ಪತ್ರಿಕೆಯಲ್ಲಿ ಬಹಿರಂಗವಾಗಿ ಟೀಕಿಸಿದರು. ಅವರ ಗುರಿಯಲ್ಲಿ ತಾವೇ ಬೆಳೆಸಿದ ಹಿಚ್‌ಕಾಕ್ ಕೂಡ ಇದ್ದರು. ಹಿಚ್‌ಕಾಕ್ ಅದರಿಂದ ಬಹಳ ನೊಂದರು. ಕಾಮ, ಕ್ರೌರ್ಯಗಳ ಕಡೆ ಒಲವಿದ್ದ ಹೇಮರ್‌ನಂಥ ಪ್ರತಿಭಾವಂತರಿಗೆ ಈಲಿಂಗ್‌ನ ಮಿತಿ ಬಿಗಿಯೆನಿಸಿತು. ಅಲ್ಲಿನ ಕಥಾಚಿತ್ರಗಳ ನಿರ್ದೇಶಕರ ಪಟ್ಟಿಯಲ್ಲಿ ಹೆಣ್ಣಿನ ಹೆಸರು ಕಾಣುವುದಿಲ್ಲ. ದೇಶದ ಸ್ವಭಾವವನ್ನು ಬಿಂಬಿಸುತ್ತೇನೆ ಎನ್ನುವ ಯಾವನೇ ನಿರ್ಮಾಪಕ, ಆ ದೇಶದೊಳಗೆ ಯಾರನ್ನು ಎಣಿಸಿಕೊಂಡ, ಯಾರನ್ನು ಬಿಟ್ಟ ಎಂಬ ಪ್ರಶ್ನೆಗೆ ಉತ್ತರ ಕೊಡಲೇಬೇಕಾಗುತ್ತದೆ.

ಒಂದು ವಿಷಯ ಮಾತ್ರ ಅವರ ಪರವಾಗಿ ಬಲವಾಗಿ ನಿಲ್ಲುತ್ತದೆ. ಸ್ಟುಡಿಯೋ ಮಾರಾಟವಾದ ಮೇಲೆಯೂ ಅವರು ಹಳೆಯ ಯಶಸ್ಸಿನ ನೆನಪಿನಲ್ಲಿ ಕೂರಲಿಲ್ಲ. 1959ರಲ್ಲಿ ಸ್ವತಂತ್ರ ನಿರ್ಮಾಪಕರ ಒಕ್ಕೂಟವಾದ ಬ್ರಯಾನ್‌ಸ್ಟನ್‌ನ ಅಧ್ಯಕ್ಷರಾದರು. ‘ಸ್ಯಾಟರ್ಡೇ ನೈಟ್ ಆ್ಯಂಡ್ ಸಂಡೇ ಮಾರ್ನಿಂಗ್’ ಎಂಬ, ಕಾರ್ಖಾನೆಯ ಕೆಲಸಗಾರನೊಬ್ಬನನ್ನು ಕುರಿತ 1960ರ ಚಿತ್ರ ಆ ಸಂಸ್ಥೆಯ ಮೂಲಕ ಹೊರಗೆ ಬಂತು. ಅದು ಈಲಿಂಗ್‌ನ ಸೌಜನ್ಯವನ್ನು ಪಕ್ಕಕ್ಕೆ ತಳ್ಳಿದ ಹೊಸ ತಲೆಮಾರಿನ ಚಿತ್ರ. ತನ್ನ ರುಚಿಯನ್ನು ನಿರಾಕರಿಸುವ ಕಿರಿಯರಿಗೂ ಬೆನ್ನು ಕೊಟ್ಟ ಈ ಗುಣ ನನಗೆ ಎಲ್ಲಕ್ಕಿಂತ ದೊಡ್ಡದಾಗಿ ಕಾಣುತ್ತದೆ.

ಮಂಜೇಶ್ವರದಿಂದ

ಪಾಂಡೇಶ್ವರದವರ ಬರಹವನ್ನು ಓದಿ ಸಂತೋಷವಾಯಿತು. ಕರಾವಳಿಗೆ ಹತ್ತಿರದವರು ಬೇಕೆಂದು ಕೇಳಿದ್ದೀರಾದ್ದರಿಂದ ಮಲಯಾಳದ ಒಬ್ಬರನ್ನು ಸೂಚಿಸುತ್ತೇನೆ. ಗಡಿಯ ಈಚೆ ಕುಳಿತು ಎರಡು ಭಾಷೆಯ ಚಿತ್ರಗಳನ್ನೂ ನೋಡಿ ಬೆಳೆದವನಾದ ನನಗೆ ಅವರು ಪರಕೀಯರಲ್ಲ.

ಕೊಲ್ಲಂನ ಕೆ. ರವೀಂದ್ರನಾಥನ್ ನಾಯರ್, ಎಲ್ಲರ ಬಾಯಲ್ಲಿ ಜನರಲ್ ಪಿಕ್ಚರ್ಸ್ ರವಿ ಅಥವಾ ‘ಅಚ್ಚಾಣಿ’ ರವಿ. ಅವರದು ಗೇರುಬೀಜದ ರಫ್ತು ವ್ಯಾಪಾರ. ಗೇರುಬೀಜದ ಕಾರ್ಖಾನೆಯೆಂದರೆ ಏನೆಂದು ಮಂಗಳೂರಿನವರಿಗೆ ವಿವರಿಸಬೇಕಾಗಿಲ್ಲ. ಹುರಿದು, ಒಡೆದು, ಸಿಪ್ಪೆ ತೆಗೆದು, ಗಾತ್ರಕ್ಕೆ ತಕ್ಕಂತೆ ವಿಂಗಡಿಸಿ ಡಬ್ಬಿಗೆ ತುಂಬುವ ಆ ಕೆಲಸದಲ್ಲಿ ಸಾವಿರಾರು ಹೆಂಗಸರ ಕೈಗಳಿವೆ. ಅದರ ಲಾಭನಷ್ಟ ದೂರದ ದೇಶಗಳ ಬೆಲೆಯ ಮೇಲೆ ನಿಂತಿದೆ. ಅಂಥ ವ್ಯಾಪಾರ ನಡೆಸುತ್ತಿದ್ದ ಮನುಷ್ಯ 1967ರಲ್ಲಿ ಜನರಲ್ ಪಿಕ್ಚರ್ಸ್ ಸಂಸ್ಥೆಯನ್ನು ಸ್ಥಾಪಿಸಿದರು. ಮೊದಲಿನ ಚಿತ್ರಗಳು ಸಾಮಾನ್ಯ ಪ್ರೇಕ್ಷಕರಿಗಾಗಿ ತೆಗೆದವು. 1973ರಲ್ಲಿ ಎ. ವಿನ್ಸೆಂಟ್ ನಿರ್ದೇಶಿಸಿದ ‘ಅಚ್ಚಾಣಿ’ ಚೆನ್ನಾಗಿ ಹಣ ಮಾಡಿತು. ಆ ಲಾಭದಿಂದ ಅವರು ಕೊಲ್ಲಂನಲ್ಲಿ ಸಾರ್ವಜನಿಕ ಗ್ರಂಥಾಲಯವನ್ನು ಕಟ್ಟಿಸಿದರು.

ಅಲ್ಲಿಂದ ಮುಂದೆ ಅವರ ದಾರಿ ಬೇರೆಯಾಯಿತು. 1977ರಲ್ಲಿ ನಿರ್ದೇಶಕ ಅರವಿಂದನ್ ಅವರ ‘ಕಾಂಚನಸೀತ’ವನ್ನು ನಿರ್ಮಿಸಿದರು. ರಾಮಾಯಣದ ಉತ್ತರಭಾಗವನ್ನು ಆಂಧ್ರದ ಕಾಡಿನಲ್ಲಿ ಬುಡಕಟ್ಟಿನ ಜನರನ್ನೇ ಪಾತ್ರಗಳಾಗಿ ಇಟ್ಟುಕೊಂಡು, ಮಾತು ಅತಿ ಕಡಿಮೆಯಿರುವಂತೆ, ಸೀತೆಯನ್ನು ಪ್ರಕೃತಿಯ ರೂಪದಲ್ಲಿ ಮಾತ್ರ ಸೂಚಿಸುತ್ತ ತೆಗೆದ ಚಿತ್ರವದು. ಅದು ಹಣ ತರುವ ಚಿತ್ರವಲ್ಲವೆಂದು ಯಾವ ವ್ಯಾಪಾರಿಗಾದರೂ ಮೊದಲೇ ತಿಳಿಯುತ್ತದೆ. ಅದಾದ ಮೇಲೂ ರವಿಯವರು ಅರವಿಂದನ್‌ಗಾಗಿ ‘ತಂಪ್’, ‘ಕುಮ್ಮಾಟ್ಟಿ’, ‘ಎಸ್ತಪ್ಪಾನ್’, ‘ಪೋಕ್ಕುವೆಯಿಲ್’ ಎಂದು ಇನ್ನೂ ನಾಲ್ಕು ಚಿತ್ರಗಳನ್ನು ನಿರ್ಮಿಸಿದರು. ಅಡೂರ್ ಗೋಪಾಲಕೃಷ್ಣನ್ ಅವರಿಗಾಗಿ ‘ಎಲಿಪ್ಪತ್ತಾಯಂ’, ‘ಮುಖಾಮುಖಂ’, ‘ಅನಂತರಂ’, ‘ವಿಧೇಯನ್’ ಎಂಬ ನಾಲ್ಕು. ನಡುವೆ ಎಂ. ಟಿ. ವಾಸುದೇವನ್ ನಾಯರ್ ಅವರ ‘ಮಂಞ್’. ‘ಎಲಿಪ್ಪತ್ತಾಯಂ’ಗೆ 1982ರಲ್ಲಿ ಲಂಡನ್ ಚಿತ್ರೋತ್ಸವದಲ್ಲಿ ಸದರ್‌ಲೆಂಡ್ ಪ್ರಶಸ್ತಿ ಬಂತು.

ನಾನು ಎಲ್ಲಕ್ಕಿಂತ ಹೆಚ್ಚಾಗಿ ಗಮನಿಸುವುದು ಈ ಮುಂದುವರಿಕೆಯನ್ನು. ಒಂದು ಒಳ್ಳೆಯ ಚಿತ್ರಕ್ಕೆ ಹಣ ಹಾಕಿ, ಪ್ರಶಸ್ತಿಯ ಫೋಟೋ ತೆಗೆಸಿಕೊಂಡು ಹಿಂದೆ ಸರಿದವರು ಎಲ್ಲ ಭಾಷೆಗಳಲ್ಲಿಯೂ ಇದ್ದಾರೆ. ಅವರನ್ನು ನಾನು ದೂರುವುದಿಲ್ಲ. ಆದರೆ ನಿರ್ದೇಶಕನು ಬೆಳೆಯುವುದು ಎರಡನೆಯ, ಮೂರನೆಯ ಚಿತ್ರದಲ್ಲಿ. ಮೊದಲ ಚಿತ್ರದಲ್ಲಿ ಕಲಿತದ್ದನ್ನು ಪ್ರಯೋಗಿಸಲು ಎರಡನೆಯದು ಬೇಕು, ಎರಡನೆಯದರಲ್ಲಿ ಸೋತರೆ ಎದ್ದು ನಿಲ್ಲಲು ಮೂರನೆಯದು ಬೇಕು. ‘ತಂಪ್’ ಚಿತ್ರಕ್ಕಾಗಿ ಅರವಿಂದನ್ ಭಾರತಪ್ಪುಳದ ದಡದ ತಿರುನಾವಾಯಕ್ಕೆ ನಿಜವಾದ ಸರ್ಕಸ್ ತಂಡವೊಂದನ್ನು ಕರೆದುಕೊಂಡು ಹೋದರು. ಸರ್ಕಸ್ ನೋಡುತ್ತಿದ್ದ ಊರವರ ಮುಖಗಳನ್ನು ಅವರಿಗೆ ಅರಿವಿಲ್ಲದಂತೆಯೇ ಸೆರೆಹಿಡಿದರು. ಹಿಂದಿನ ಚಿತ್ರದಿಂದ ನಷ್ಟವಾಗಿದ್ದರೂ ಇಂಥದ್ದಕ್ಕೆ ಒಪ್ಪಿಗೆ ಕೊಡುವ ನಿರ್ಮಾಪಕನಿಲ್ಲದಿದ್ದರೆ ಆ ಮುಖಗಳನ್ನು ನಾವು ಇಂದು ನೋಡುತ್ತಿರಲಿಲ್ಲ.

‘ವಿಧೇಯನ್’ ಚಿತ್ರವನ್ನು ತಾವು ಸರಣಿಯಲ್ಲಿ ಇಟ್ಟುಕೊಳ್ಳಲೇಬೇಕು. ಪಾಲ್ ಸಕ್ಕರಿಯರ ಕಿರುಕಾದಂಬರಿಯನ್ನು ಆಧರಿಸಿದ ಆ ಕಥೆ ನಡೆಯುವುದು ದಕ್ಷಿಣ ಕನ್ನಡದಲ್ಲಿ. ಕೇರಳದಿಂದ ವಲಸೆ ಬಂದ ತೊಮ್ಮಿ ಎಂಬ ಬಡವ, ಊರನ್ನು ನಡುಗಿಸುವ ಭಾಸ್ಕರ ಪಟೇಲರ್ ಎಂಬ ಜಮೀನ್ದಾರ. ಪಟೇಲರ್ ಆಗಿ ಮಮ್ಮೂಟ್ಟಿ ನಟಿಸಿದ್ದಾರೆ. 1993ರ ಸಾಲಿನ ರಾಷ್ಟ್ರೀಯ ಪ್ರಶಸ್ತಿ ಈ ಪಾತ್ರಕ್ಕೂ ಸೇರಿ ಅವರಿಗೆ ಬಂತು. ಚಿತ್ರದಲ್ಲಿ ಮಲಯಾಳದ ಜತೆ ಕನ್ನಡವೂ ಕೇಳಿಸುತ್ತದೆ. ನಮ್ಮ ಜಿಲ್ಲೆಯ ಪಟೇಲಿಕೆಯ ದರ್ಪವನ್ನು ಇಷ್ಟು ನಿರ್ದಾಕ್ಷಿಣ್ಯವಾಗಿ ತೋರಿಸಿದ ಚಿತ್ರಕ್ಕೆ ಕೊಲ್ಲಂನ ಗೇರುಬೀಜದ ಹಣ ಸಂದಿದೆ ಎಂಬುದನ್ನು ನಮ್ಮವರು ನೆನಪಿಡಬೇಕು. ಅದೇ ಅವರ ನಿರ್ಮಾಣದ ಕೊನೆಯ ಚಿತ್ರ. ಒಟ್ಟು ಹದಿನಾಲ್ಕು. ಕೇರಳ ರಾಜ್ಯದ ಜೆ. ಸಿ. ಡೇನಿಯಲ್ ಪ್ರಶಸ್ತಿ 2008ರಲ್ಲಿ ಅವರಿಗೆ ಸಂದಿತು. 2023ರ ಜುಲೈಯಲ್ಲಿ ಅವರು ತೀರಿಕೊಂಡರು. ಅದಕ್ಕೆ ಮೊದಲೇ ‘ಕುಮ್ಮಾಟ್ಟಿ’, ‘ತಂಪ್’ ಎರಡೂ ಸಂರಕ್ಷಣೆಗೊಂಡು ಹೊಸ ರೂಪದಲ್ಲಿ ಬಂದಿದ್ದವು; ‘ತಂಪ್’ 2022ರಲ್ಲಿ ಕಾನ್ ಚಿತ್ರೋತ್ಸವದ ಅಭಿಜಾತ ಚಿತ್ರಗಳ ವಿಭಾಗದಲ್ಲಿ ಪ್ರದರ್ಶನ ಕಂಡಿತ್ತು.

ಬೈಕಾಡಿ

ಮೇಲಿನ ಇಬ್ಬರ ಮಾತಿಗೂ ಗೌರವವಿದೆ. ಆದರೂ ಖಾಸಗಿ ವ್ಯಕ್ತಿಯ ಔದಾರ್ಯವನ್ನು ನಂಬಿ ಒಂದು ಭಾಷೆಯ ಸಿನಿಮಾ ಬದುಕಬೇಕೆಂಬುದನ್ನು ನಾನು ಒಪ್ಪಲಾರೆ. ಅಡೂರರ ಮೊದಲ ಚಿತ್ರ ‘ಸ್ವಯಂವರಂ’ಗೆ ಕೈ ಹಿಡಿದದ್ದು 1960ರಲ್ಲಿ ಕೇಂದ್ರ ಸರಕಾರ ಸ್ಥಾಪಿಸಿದ ಫಿಲ್ಮ್ ಫೈನಾನ್ಸ್ ಕಾರ್ಪೊರೇಷನ್‌ನ ಸಾಲ ಮತ್ತು ಗೆಳೆಯರೆಲ್ಲ ಸೇರಿ ಕಟ್ಟಿದ್ದ ಚಿತ್ರಲೇಖ ಸಹಕಾರ ಸಂಘ. ರವಿಯವರು ಬಂದದ್ದು ಆಮೇಲೆ. ಕನ್ನಡದಲ್ಲಿಯೂ ‘ಸಂಸ್ಕಾರ’, ‘ಚೋಮನ ದುಡಿ’, ‘ಘಟಶ್ರಾದ್ಧ’ ಎಂಬ ಮೂರು ಚಿತ್ರಗಳು 1970, 1975, 1977ರ ಸಾಲಿನ ಅತ್ಯುನ್ನತ ರಾಷ್ಟ್ರೀಯ ಪ್ರಶಸ್ತಿಗಳನ್ನು ಪಡೆದವು. ಎಂಟು ವರ್ಷಗಳಲ್ಲಿ ಮೂರು ಬಾರಿ! ಆ ಫಸಲು ನಿಂತುಹೋದದ್ದು ನಿರ್ಮಾಪಕರಲ್ಲಿ ಛಲ ಬತ್ತಿದ್ದರಿಂದಲ್ಲ. ಚಿತ್ರವನ್ನು ಜನರಿಗೆ ತಲುಪಿಸುವ ಚಿತ್ರಮಂದಿರಗಳು ಅವರಿಗೆ ಸಿಗಲಿಲ್ಲ. ರ‍್ಯಾಂಕ್‌ನಂಥ ವಿತರಣೆಯ ಬಲ ನಮ್ಮಲ್ಲಿ ಯಾರಿಗಿತ್ತು? ಟಿಪ್ಪಣಿಯಲ್ಲಿ ಈ ಪ್ರಶ್ನೆಗೆ ದಯವಿಟ್ಟು ಒಂದು ಪುಟವನ್ನಾದರೂ ಕೊಡಿ.

ಕಿನ್ನಿಗೋಳಿ

ನಮ್ಮೂರಿನ ಪಕ್ಕದವರನ್ನು ಯಾರೂ ಹೆಸರಿಸದಿರುವುದು ಕಂಡು ಬರೆಯುತ್ತಿದ್ದೇನೆ. ‘ಘಟಶ್ರಾದ್ಧ’ದ ನಿರ್ಮಾಪಕರು ಮೂಲ್ಕಿಯ ಸದಾನಂದ ಸುವರ್ಣರು. ಕಲ್ಯಾಣಪುರದವರು ಕೇಳಿದ ಪ್ರಶ್ನೆಗೆ ಇದಕ್ಕಿಂತ ಹತ್ತಿರದ ಉತ್ತರವಿಲ್ಲ.

ಕರಾವಳಿಯಿಂದ ಮುಂಬಯಿಗೆ ಹೋಗಿ ದುಡಿದ ಅಸಂಖ್ಯ ಮಂದಿಯಲ್ಲಿ ಸುವರ್ಣರೂ ಒಬ್ಬರು. ಅಲ್ಲಿ ಅವರನ್ನು ಸೆಳೆದದ್ದು ನಾಟಕ. ಮುಂಬಯಿಯ ಕನ್ನಡ ರಂಗಭೂಮಿಯಲ್ಲಿ ನಾಟಕಕಾರರಾಗಿ, ನಿರ್ದೇಶಕರಾಗಿ, ಸಂಘಟಕರಾಗಿ ಅವರು ದೊಡ್ಡ ಹೆಸರು ಮಾಡಿದವರು. ಅಂದರೆ ಅವರಿಗೆ ಕಥೆಯ ಬೆಲೆ ಗೊತ್ತಿತ್ತು, ನಟನ ಕಷ್ಟ ಗೊತ್ತಿತ್ತು, ತಾಲೀಮಿನಿಂದ ಹಿಡಿದು ಟಿಕೇಟು ಮಾರುವ ತನಕದ ಎಲ್ಲ ಕೆಲಸವೂ ಗೊತ್ತಿತ್ತು. ಪುಣೆಯ ಚಲನಚಿತ್ರ ಸಂಸ್ಥೆಯಿಂದ ಆಗಷ್ಟೇ ಹೊರಗೆ ಬಂದಿದ್ದ ಗಿರೀಶ ಕಾಸರವಳ್ಳಿಯವರು ಯು. ಆರ್. ಅನಂತಮೂರ್ತಿಯವರ ಕಥೆಯನ್ನು ಚಿತ್ರ ಮಾಡಹೊರಟಾಗ, ಇನ್ನೂ ಒಂದು ಪೂರ್ಣ ಪ್ರಮಾಣದ ಚಿತ್ರವನ್ನೂ ಮಾಡಿರದ ಆ ತರುಣನ ಮೇಲೆ ಭರವಸೆ ಇಟ್ಟವರು ಸುವರ್ಣರು.

ಆ ಕಥೆಯನ್ನು ನೆನೆಯಿರಿ. ಮಲೆನಾಡಿನ ಒಂದು ವೇದಪಾಠಶಾಲೆ, ಬಾಲವಿಧವೆ ಯಮುನಕ್ಕ, ಅವಳು ಬಸುರಿಯಾಗುವುದು, ಬದುಕಿರುವಾಗಲೇ ಅವಳ ಶ್ರಾದ್ಧ ಮಾಡಿ ಊರು ಅವಳನ್ನು ಹೊರಹಾಕುವುದು, ಎಲ್ಲವನ್ನೂ ನೋಡುತ್ತ ನಿಂತ ನಾಣಿ ಎಂಬ ಹುಡುಗ. ಹಾಡು, ಕುಣಿತ, ಹೆಸರಾಂತ ನಾಯಕ ಯಾವುದೂ ಇಲ್ಲ. ಚಿತ್ರ ಕಪ್ಪು-ಬಿಳುಪಿನದು, ಕ್ಯಾಮೆರಾ ಎಸ್. ರಾಮಚಂದ್ರರದು, ಸಂಗೀತ ಬಂಟ್ವಾಳದ ಮಂಚಿಯವರಾದ ಬಿ. ವಿ. ಕಾರಂತರದು, ಯಮುನಕ್ಕನಾಗಿ ಮೀನಾ ಕುಟ್ಟಪ್ಪ. 1977ರ ಸಾಲಿನಲ್ಲಿ ಅತ್ಯುತ್ತಮ ಚಿತ್ರವೆಂದು ಸ್ವರ್ಣಕಮಲ ಬಂತು. ಕಾರಂತರ ಸಂಗೀತಕ್ಕೂ, ನಾಣಿಯಾದ ಬಾಲನಟ ಅಜಿತ್ ಕುಮಾರನಿಗೂ ರಾಷ್ಟ್ರೀಯ ಪ್ರಶಸ್ತಿಗಳು ಬಂದವು. ಕಾಸರವಳ್ಳಿಯವರ ಮುಂದಿನ ದೊಡ್ಡ ಪಯಣ ಆರಂಭವಾದದ್ದು ಇಲ್ಲಿಂದ.

ಮಂಜೇಶ್ವರದವರು ಮುಂದುವರಿಕೆಯ ಬಗ್ಗೆ ಹೇಳಿದ ಮಾತು ತೂಕದ್ದು. ಸುವರ್ಣರು ಕಾಸರವಳ್ಳಿಯವರ ಮುಂದಿನ ಚಿತ್ರಗಳಿಗೆ ನಿರ್ಮಾಪಕರಾಗಲಿಲ್ಲ. ಹಾಗೆಂದು ಅವರನ್ನು ಒಂದೇ ಚಿತ್ರದ ಸಾಲಿಗೆ ಸೇರಿಸಿ ಮುಂದೆ ಸಾಗುವುದು ನ್ಯಾಯವಲ್ಲ. ಅವರ ಹಿಂದೆ ಗೇರುಬೀಜದ ವ್ಯಾಪಾರವಾಗಲಿ, ಸ್ಟುಡಿಯೋವಾಗಲಿ ಇರಲಿಲ್ಲ. ಆದ್ದರಿಂದ ಅವರು ಮುಂದುವರಿದದ್ದು ತಮ್ಮದೇ ನಿರ್ದೇಶನದ ಕೆಲಸಗಳಲ್ಲಿ. ದೂರದರ್ಶನದಲ್ಲಿ ಪ್ರಸಾರವಾದ ‘ಗುಡ್ಡದ ಭೂತ’ ಧಾರಾವಾಹಿಯನ್ನು ನಮ್ಮ ತಲೆಮಾರಿನವರು ಯಾರೂ ಮರೆತಿಲ್ಲ. ಇಂದಿನ ಪ್ರಖ್ಯಾತ ನಟ ಪ್ರಕಾಶ್ ರೈ ತಮ್ಮ ಆರಂಭದ ದಿನಗಳಲ್ಲಿ ಅದರಲ್ಲಿ ನಟಿಸಿದ್ದರು. ಪೂರ್ಣಚಂದ್ರ ತೇಜಸ್ವಿಯವರ ಕಥೆಯನ್ನು ಆಧರಿಸಿ ‘ಕುಬಿ ಮತ್ತು ಇಯಾಲ’ ಚಿತ್ರವನ್ನು ನಿರ್ದೇಶಿಸಿದರು. ಕೊನೆಗಾಲದಲ್ಲಿ ಮಂಗಳೂರಿಗೆ ಮರಳಿ ಇಲ್ಲಿಯೇ ನೆಲೆಸಿದ್ದರು. ದೊಡ್ಡ ಬಂಡವಾಳವಿಲ್ಲದ ನಿರ್ಮಾಪಕ ಸಿನಿಮಾವನ್ನು ಉಳಿಸಿಕೊಳ್ಳುವ ಬಗೆ ಹೀಗೆಯೇ ಇರಲು ಸಾಧ್ಯ: ಕೈಯಲ್ಲಿ ರಂಗಭೂಮಿಯಿದ್ದರೆ ಅದರಲ್ಲಿ, ದೂರದರ್ಶನ ಕರೆದರೆ ಅದರಲ್ಲಿ.

ಇನ್ನೊಂದು ಸಂಗತಿ ನನಗೆ ಬಹಳ ನೋವು ತರುತ್ತದೆ. ‘ಘಟಶ್ರಾದ್ಧ’ವನ್ನು ಮುಂಬಯಿಯ ಫಿಲ್ಮ್ ಹೆರಿಟೇಜ್ ಫೌಂಡೇಶನ್ ಮತ್ತು ಮಾರ್ಟಿನ್ ಸ್ಕಾರ್ಸೇಸಿ ಸ್ಥಾಪಿಸಿದ ಸಂಸ್ಥೆಯ ವರ್ಲ್ಡ್ ಸಿನಿಮಾ ಪ್ರಾಜೆಕ್ಟ್ ಸೇರಿ ಸಂರಕ್ಷಿಸಿ, ಹೊಸ ಪ್ರತಿಯನ್ನು ಸಿದ್ಧಪಡಿಸಿದವು. ಅದು 2024ರಲ್ಲಿ ವೆನಿಸ್ ಚಿತ್ರೋತ್ಸವದ ಅಭಿಜಾತ ಚಿತ್ರಗಳ ವಿಭಾಗಕ್ಕೆ ಆಯ್ಕೆಯಾಯಿತು. ಆ ವರ್ಷದ ಉತ್ಸವ ಆಗಸ್ಟ್ 28ರಂದು ಆರಂಭವಾಯಿತು. ಸುವರ್ಣರು ತೀರಿಕೊಂಡದ್ದು ಅದೇ ವರ್ಷದ ಜುಲೈಯಲ್ಲಿ. ತಾವು ಹಣ ಹೊಂದಿಸಿ ಮಾಡಿಸಿದ ಚಿತ್ರ ನಲವತ್ತೇಳು ವರ್ಷಗಳ ಬಳಿಕ ಹೊಸದಾಗಿ ಬೆಳಗುವುದನ್ನು ನೋಡುವ ಭಾಗ್ಯ ಅವರಿಗೆ ಇನ್ನು ಕೆಲವೇ ವಾರಗಳಲ್ಲಿ ತಪ್ಪಿಹೋಯಿತು. ಉಡುಪಿ, ಮಂಗಳೂರಿನ ನಾವು ಆ ಪ್ರತಿಯನ್ನು ಇಲ್ಲಿಗೆ ತರಿಸಿ, ಮೂಲ್ಕಿಯಲ್ಲಿಯೇ ಒಂದು ಪ್ರದರ್ಶನ ಏರ್ಪಡಿಸಿ, ನಿರ್ಮಾಪಕರ ಹೆಸರನ್ನು ಮೊದಲು ಹೇಳಬೇಕು. ಇದು ನಮ್ಮ ಮೇಲಿರುವ ಋಣ.

ಕಲ್ಯಾಣಪುರದ ಓದುಗ

ಎಲ್ಲರಿಗೂ ಹೃತ್ಪೂರ್ವಕ ಕೃತಜ್ಞತೆಗಳು. ತಮ್ಮೆಲ್ಲರ ಉತ್ತರಗಳನ್ನು ನಮ್ಮ ಗೆಳೆಯರ ಮುಂದೆ ಓದಿದೆ. ಸರಣಿಯ ರೂಪವೇ ಬದಲಾಯಿತು. ಬಾಲ್ಕನ್‌ರ ಬಗ್ಗೆ ಬರೆಯುವಾಗ ಚಿತ್ರಗಳ ಪಟ್ಟಿಯನ್ನು ಕೊನೆಗೆ ತಳ್ಳಿ, ‘ದಿ ಲಾಡ್ಜರ್’ ಪ್ರಸಂಗದಿಂದಲೇ ಆರಂಭಿಸುತ್ತೇನೆ. ಸರಣಿಯಲ್ಲಿ ಈಗ ನಾಲ್ಕು ಚಿತ್ರಗಳಿವೆ: ‘ವಿಸ್ಕಿ ಗಲೋರ್’, ‘ತಂಪ್’, ‘ವಿಧೇಯನ್’, ‘ಘಟಶ್ರಾದ್ಧ’. ಬೈಕಾಡಿಯವರು ಎತ್ತಿದ ಪ್ರಶ್ನೆಗೆ ಒಂದು ಸಂಜೆಯನ್ನೇ ಬಿಟ್ಟಿದ್ದೇವೆ. ಕರಾವಳಿಯ ಚಿತ್ರಮಂದಿರಗಳನ್ನು ನಡೆಸಿದವರನ್ನೂ, ತುಳು ಚಿತ್ರಗಳಿಗೆ ಹಣ ಹೂಡಿದವರನ್ನೂ ಅಂದು ಕರೆಯುವ ಯೋಚನೆಯಿದೆ. 1971ರ ‘ಎನ್ನ ತಂಗಡಿ’ಯಿಂದ ಇಂದಿನವರೆಗೆ ತುಳುವಿನಲ್ಲಿ ಚಿತ್ರ ಮಾಡಿದವರು ಇಷ್ಟು ಚಿಕ್ಕ ಪ್ರದೇಶದ ಪ್ರೇಕ್ಷಕರನ್ನೇ ನಂಬಿ ಹೇಗೆ ನಿಂತರೆಂಬುದನ್ನು ಅವರ ಬಾಯಿಂದಲೇ ಕೇಳಬೇಕು.

ಒಂದು ಸಹಾಯ ಬೇಕು. ‘ಘಟಶ್ರಾದ್ಧ’ದ ಸಂರಕ್ಷಿತ ಪ್ರತಿಯನ್ನು ನಮ್ಮಂಥ ಸಣ್ಣ ಕೂಟ ಪ್ರದರ್ಶಿಸಬೇಕಾದರೆ ಅನುಮತಿಯನ್ನು ಯಾರಲ್ಲಿ, ಯಾವ ಕ್ರಮದಲ್ಲಿ ಕೇಳಬೇಕು?

ಪಾಂಡೇಶ್ವರ

ಮೊದಲು ಫಿಲ್ಮ್ ಹೆರಿಟೇಜ್ ಫೌಂಡೇಶನ್‌ನ ಮುಂಬಯಿ ಕಚೇರಿಗೆ ಬರೆಯಿರಿ. ಪತ್ರದಲ್ಲಿ ಪ್ರದರ್ಶನದ ಸ್ಥಳ, ಆಸನಗಳ ಸಂಖ್ಯೆ, ಪ್ರವೇಶ ಉಚಿತವೋ ಅಲ್ಲವೋ ಎಂಬುದು, ಅಲ್ಲಿರುವ ಪ್ರೊಜೆಕ್ಟರಿನ ವಿವರ ಇವಿಷ್ಟನ್ನು ಸ್ಪಷ್ಟವಾಗಿ ಕೊಡಿ. ಚಿತ್ರದ ಹಕ್ಕುದಾರರ ಒಪ್ಪಿಗೆಯೂ ಪ್ರತ್ಯೇಕವಾಗಿ ಬೇಕಾಗುತ್ತದೆಯೇ ಎಂದು ಅದೇ ಪತ್ರದಲ್ಲಿ ಕೇಳಿಬಿಡಿ. ನಿರ್ದೇಶಕರಿಗೂ ಒಂದು ಪ್ರತಿಯನ್ನು ಕಳುಹಿಸುವುದು ಒಳ್ಳೆಯದು. ಕರಡನ್ನು ಇಲ್ಲಿ ಹಾಕಿದರೆ ನಾನೂ ನೋಡಿ ತಿದ್ದಿಕೊಡುತ್ತೇನೆ.

ಕಿನ್ನಿಗೋಳಿ

ಮೂಲ್ಕಿಯಲ್ಲಿ ಸಭಾಂಗಣ ಹುಡುಕುವ ಕೆಲಸ ನನಗಿರಲಿ. ತಾರೀಕು ತಿಳಿಸಿದರೆ ಸಾಕು.